ಹೊನ್ನಾವರದ ಜಡ್ಜ್ ಸಾಹೇಬರು, ನಾಸಿಕದ ಖಟ್ಲೆ

ನಾಸಿಕದಲ್ಲಿ ರಣಜಿ ಪಂದ್ಯಗಳು ನಡೆಯುವ ಒಂದು ಮೈದಾನವಿದೆ. ಆಟೋದವರಿಗೆ ಗಾಲ್ಫ್ ಕ್ಲಬ್ ಅಂದರೆ ಸಾಕು, ಕರೆದುಕೊಂಡು ಹೋಗಿ ಬಿಡುತ್ತಾರೆ. ಅದರ ನಿಜವಾದ ಹೆಸರು ಹುತಾತ್ಮ ಅನಂತ ಕಾನ್ಹೇರೆ ಮೈದಾನ. 1909ರ ಡಿಸೆಂಬರ್ 21ರ ರಾತ್ರಿ ಇದೇ ಊರಿನ ವಿಜಯಾನಂದ ಥಿಯೇಟರಿನಲ್ಲಿ ಜಿಲ್ಲಾ ಕಲೆಕ್ಟರ್ ಜಾಕ್ಸನ್‌ನನ್ನು ಗುಂಡಿಟ್ಟು ಕೊಂದ ಹುಡುಗ ಈ ಕಾನ್ಹೇರೆ. ಆಗ ಅವನಿಗೆ ಹದಿನೆಂಟರ ಆಸುಪಾಸು. ಓದುತ್ತಿದ್ದದ್ದು ಔರಂಗಾಬಾದಿನಲ್ಲಿ, ಅಂದರೆ ಈಗಿನ ಛತ್ರಪತಿ ಸಂಭಾಜಿನಗರದಲ್ಲಿ. ನಾಸಿಕದ ಮಕ್ಕಳಿಗೆ ಈ ಕತೆ ಶಾಲೆಗೆ ಹೋಗುವ ಮೊದಲೇ ಗೊತ್ತಿರುತ್ತದೆ.

ಆದರೆ ಈ ಕತೆಯಲ್ಲಿ ನಮ್ಮ ಕಡೆಯವರೊಬ್ಬರಿದ್ದಾರೆ. ಅವರ ಹೆಸರಿನ ಮೈದಾನವಾಗಲಿ ಚೌಕವಾಗಲಿ ನಾಸಿಕದಲ್ಲಿ ನನ್ನ ಕಣ್ಣಿಗೆ ಬಿದ್ದಿಲ್ಲ. ಹೊನ್ನಾವರದಲ್ಲಿ ಹುಟ್ಟಿ, ಮುಂಬಯಿ ಹೈಕೋರ್ಟಿನ ನ್ಯಾಯಾಧೀಶರಾಗಿ, ನಾಸಿಕದ ಸಾವರ್ಕರ್ ಅಣ್ಣತಮ್ಮಂದಿರಿಬ್ಬರ ಹಣೆಬರಹ ಬರೆದ ಪೀಠಗಳಲ್ಲಿ ಕೂತಿದ್ದ ಸರ್ ನಾರಾಯಣ ಗಣೇಶ ಚಂದಾವರ್ಕರ್. ಬೆಂಗಳೂರಿನಿಂದ ಓಝರಿನ ವಿಮಾನ ಕಾರ್ಖಾನೆಗೆ ವರ್ಗವಾಗಿ ಬಂದು ಇಲ್ಲೇ ಬೇರೂರಿದ ನನ್ನಂಥವರಿಗೆ ಇವರ ಹೆಸರು ಮೊದಲು ಕೇಳಿಸಿದ್ದು ಊರಿನಲ್ಲಿ ಅಲ್ಲ, ಇಲ್ಲಿ. ನಮ್ಮ ಸೊಸೈಟಿಯಲ್ಲಿ ಒಬ್ಬ ನಿವೃತ್ತ ಮಾಸ್ತರರಿದ್ದರು. ಎಲ್ಲರೂ ಗುರುಜಿ ಅನ್ನುತ್ತಿದ್ದೆವು. ಒಂದು ದಿನ ಮಾತಿಗೆ ಮಾತು ಬೆಳೆದು, "ಅಹೋ ಸಾಹೇಬ, ನಮ್ಮ ತಾತ್ಯಾರಾವ್‌ಗೆ ಕರಿನೀರಿನ ಶಿಕ್ಷೆ ಕೊಟ್ಟ ಮೂವರಲ್ಲಿ ಒಬ್ಬರು ನಿಮ್ಮ ಕಾನಡಿ ಮುಲುಕಿನವರೇ, ಗೊತ್ತಾ?" ಅಂದರು. ತಾತ್ಯಾರಾವ್ ಅಂದರೆ ವಿನಾಯಕ ದಾಮೋದರ ಸಾವರ್ಕರ್. ಗುರುಜಿ ನಗುತ್ತಲೇ ಹೇಳಿದ್ದರು. ನಾನು ಮಾತ್ರ ಆ ಮನುಷ್ಯನ ಬೆನ್ನು ಹತ್ತಿದೆ.

ಬೆನ್ನು ಹತ್ತಿದಾಗ ಸಿಕ್ಕ ಮನುಷ್ಯ ಗುರುಜಿ ಅಂದುಕೊಂಡಷ್ಟು ಸರಳ ಅಲ್ಲ.

ಚಂದಾವರ್ಕರ್ ಹುಟ್ಟಿದ್ದು 1855ರ ಡಿಸೆಂಬರ್ 2ರಂದು. ಆಗ ಹೊನ್ನಾವರ ಮುಂಬಯಿ ಪ್ರಾಂತದಲ್ಲಿ ಇರಲಿಲ್ಲ. ಕೆನರಾ ಜಿಲ್ಲೆ ಪೂರ್ತಿ ಮದರಾಸಿನ ಕೆಳಗಿತ್ತು. ಜಿಲ್ಲೆಯನ್ನು ಎರಡು ಹೋಳು ಮಾಡಿ, ಉತ್ತರದ ಹೋಳನ್ನು 1862ರಲ್ಲಿ ಮುಂಬಯಿಗೆ ಸೇರಿಸಿದರು. ಅದೇ ವರ್ಷ ಮುಂಬಯಿಯಲ್ಲಿ ಹೈಕೋರ್ಟು ಶುರುವಾಯಿತು. ಹೊನ್ನಾವರದ ಏಳು ವರ್ಷದ ಹುಡುಗನೊಬ್ಬನ ಹಾದಿ ಹೀಗೆ ಯಾರದೋ ಕಚೇರಿಯ ಕಾಗದದಲ್ಲಿ ನಿಶ್ಚಯವಾಗಿಬಿಟ್ಟಿತು. ಆ ಗೆರೆ ಎಳೆಯದೇ ಇದ್ದಿದ್ದರೆ ಕುಮಟೆ, ಹೊನ್ನಾವರ, ಭಟ್ಕಳದ ಬುದ್ಧಿವಂತ ಹುಡುಗರು ಮದರಾಸಿನ ಕಡೆ ಮುಖ ಮಾಡುತ್ತಿದ್ದರು. ಈಗ ಮುಂಬಯಿ ಹಡಗು ಹತ್ತಿದರು. ಕೊಂಕಣ ರೈಲು ಬರಲು ಇನ್ನೂ ನೂರಮೂವತ್ತಾರು ವರ್ಷ ಬಾಕಿ ಇತ್ತು ನೋಡಿ. ಸಮುದ್ರವೇ ಹೆದ್ದಾರಿ.

ಚಂದಾವರ್ಕರ್ ಮನೆತನದ ಹೆಸರು ಅದೇ ಸೀಮೆಯ ಚಂದಾವರದಿಂದ ಬಂದದ್ದು. ಮನೆಮಾತು ಕೊಂಕಣಿ, ಮಠ ಶಿರಾಲಿಯ ಚಿತ್ರಾಪುರ ಮಠ, ಸುತ್ತಲಿನ ಊರು ಕನ್ನಡ. ಮುಂಬಯಿಗೆ ಹೋದ ಮೇಲೆ ಮರಾಠಿ, ಇಂಗ್ಲಿಷು. ಮುಂಬಯಿಯಲ್ಲಿ ಸೋದರಮಾವ ಶಾಮರಾವ್ ವಿಠಲ ಕಾಯ್ಕಿಣಿ ಹೆಸರಾಂತ ವಕೀಲರಾಗಿದ್ದರು. ಶಾಮರಾವ್ ವಿಠಲ ಬ್ಯಾಂಕು ಅಂತ ಇದೆಯಲ್ಲ, ಅವರ ಹೆಸರಿನಲ್ಲಿ 1906ರಲ್ಲಿ ಕಟ್ಟಿದ್ದೇ ಅದು. ಪರ ಊರಿಗೆ ಹೋದವರಿಗೆ ಒಬ್ಬ ಮಾವ ಬೇಕು. ಒಬ್ಬ ಮಾವ ಇದ್ದರೆ ಒಂದು ಕೋಣೆ, ಒಂದು ಕೋಣೆ ಇದ್ದರೆ ನಾಲ್ಕು ಹುಡುಗರು. ನಮ್ಮ ಕಾಲದಲ್ಲೂ ಹೀಗೇ ಇತ್ತು. ಎಲ್ಫಿನ್‌ಸ್ಟನ್ ಕಾಲೇಜಿನಲ್ಲಿ ಓದಿ, ಅಲ್ಲೇ ದಕ್ಷಿಣಾ ಫೆಲೊ ಆಗಿ ಸ್ವಲ್ಪ ಕಾಲ ಇದ್ದು, 1881ರಲ್ಲಿ ಕಾನೂನು ಪದವಿ ಪಡೆದರು. ಜತೆಗೆ 'ಇಂದುಪ್ರಕಾಶ' ಪತ್ರಿಕೆಯ ಇಂಗ್ಲಿಷ್ ವಿಭಾಗದ ಸಂಪಾದಕರಾಗಿ ವರ್ಷಗಟ್ಟಲೆ ದುಡಿದರು.

ಇಲ್ಲಿ ಒಂದು ಮಾತು ಬಿಡಿಸಿ ಹೇಳಬೇಕು. ಆಗಿನ ಮುಂಬಯಿ ಹೈಕೋರ್ಟಿಗೆ ಎರಡು ಬದಿ. ಒಂದು 'ಒರಿಜಿನಲ್ ಸೈಡ್'. ಮುಂಬಯಿ ಶಹರದ ದೊಡ್ಡ ದಾವೆಗಳು ನೇರವಾಗಿ ಅಲ್ಲಿಗೇ ಬರುತ್ತಿದ್ದವು. ವಿಲಾಯಿತಿ ಬ್ಯಾರಿಸ್ಟರುಗಳ ದರ್ಬಾರು. ಇನ್ನೊಂದು 'ಅಪೆಲೇಟ್ ಸೈಡ್', ಅಂದರೆ ಅಪೀಲುಗಳ ಬದಿ. ಜಿಲ್ಲೆಗಳಿಂದ ಬಂದ ಮೇಲ್ಮನವಿಗಳೆಲ್ಲ ಅಲ್ಲಿಗೆ. ನಮ್ಮ ಚಂದಾವರ್ಕರ್, ಶಾಮರಾವ್ ವಿಠಲ ಮುಂತಾದ ದೇಶೀ ವಕೀಲರ ನೆಲೆ ಈ ಎರಡನೆಯದು. ಧಾರವಾಡ, ಬೆಳಗಾವಿ, ವಿಜಾಪುರ, ಕಾರವಾರದ ದಾವೆಗಳೆಲ್ಲ ಕಡೆಗೆ ಮುಂಬಯಿಯ ಈ ಕೋಣೆಗಳಿಗೇ ಬರುತ್ತಿದ್ದವು. ದತ್ತಕ, ವಾಟಣಿ, ವತನ, ವಿಧವೆಯ ಜೀವನಾಂಶ, ದೇವಸ್ಥಾನದ ಹಕ್ಕು. 1956ರ ತನಕ ಹೀಗೇ ನಡೆಯಿತು. ನನ್ನ ಅಜ್ಜಿ ಜಗಳ ಕೈಮೀರಿತು ಅನ್ನುವುದಕ್ಕೆ "ಮುಂಬಯಿ ತನಕ ಹೋತು" ಅನ್ನುತ್ತಿದ್ದಳು. ಅರ್ಥ ತಿಳಿದದ್ದು ಎಷ್ಟೋ ವರ್ಷದ ಮೇಲೆ.

ಹಿಂದೂ ಕಾನೂನಿನ ಈ ದಾವೆಗಳಿಗೆ ಆಧಾರಗ್ರಂಥ ಯಾವುದು? ಗುಜರಾತ, ಮುಂಬಯಿ ದ್ವೀಪ, ಉತ್ತರ ಕೊಂಕಣದ ಕಡೆ 'ವ್ಯವಹಾರಮಯೂಖ'ಕ್ಕೆ ಮೊದಲ ಮಣೆ. ಮಹಾರಾಷ್ಟ್ರದ ಉಳಿದ ಭಾಗ ಮತ್ತು ಕರ್ನಾಟಕಕ್ಕೆ 'ಮಿತಾಕ್ಷರ'. ಮಿತಾಕ್ಷರ ಬರೆದ ವಿಜ್ಞಾನೇಶ್ವರ ಚಾಲುಕ್ಯ ಆರನೆಯ ವಿಕ್ರಮಾದಿತ್ಯನ ಕಲ್ಯಾಣದವನು. ನಮ್ಮ ಬಸವಕಲ್ಯಾಣ. ನಾಸಿಕದ ರೈತ ಅಣ್ಣತಮ್ಮಂದಿರು ದ್ರಾಕ್ಷಿ ತೋಟ ಹಂಚಿಕೊಳ್ಳಲು ಕೋರ್ಟಿಗೆ ಹೋದಾಗಲೆಲ್ಲ ನನಗೆ ಇದು ನೆನಪಾಗುತ್ತದೆ. ಇಲ್ಲಿ ಅದನ್ನು 'ಭಾವುಬಂದಕಿ' ಅನ್ನುತ್ತಾರೆ. ದಾಯಾದಿ ಜಗಳಕ್ಕೆ ಇಷ್ಟು ಚೆಂದದ ಹೆಸರು ಬೇರೆ ಯಾವ ಭಾಷೆಯಲ್ಲಿದೆಯೋ!

1885ರಲ್ಲಿ ಇಂಗ್ಲೆಂಡಿನ ಚುನಾವಣೆ. ಅಲ್ಲಿಯ ಮತದಾರರಿಗೆ ಭಾರತದ ಅಹವಾಲು ಹೇಳಲು ಮೂವರನ್ನು ಕಳಿಸಿದರು. ಕಲ್ಕತ್ತದಿಂದ ಮನಮೋಹನ ಘೋಷ್, ಮದರಾಸಿನಿಂದ ಸೇಲಂ ರಾಮಸ್ವಾಮಿ ಮುದಲಿಯಾರ್, ಮುಂಬಯಿಯಿಂದ ಚಂದಾವರ್ಕರ್. ಆಗ ಅವರಿಗೆ ಮೂವತ್ತು ಕೂಡ ತುಂಬಿರಲಿಲ್ಲ. ಸಮುದ್ರ ದಾಟಿದರೆ ಜಾತಿ ಕೆಡುತ್ತದೆ ಅನ್ನುವ ಕಾಲ ಅದು. ಅವರು ವಾಪಸು ಬಂದದ್ದು ಆ ವರ್ಷದ ಡಿಸೆಂಬರಿನಲ್ಲಿ. ಅದೇ ತಿಂಗಳು ಮುಂಬಯಿಯಲ್ಲೇ ಕಾಂಗ್ರೆಸ್ ಹುಟ್ಟಿತು. ಹದಿನೈದು ವರ್ಷಗಳ ಮೇಲೆ, 1900ರ ಡಿಸೆಂಬರಿನಲ್ಲಿ, ಲಾಹೋರ್ ಕಾಂಗ್ರೆಸ್ಸಿಗೆ ಅವರೇ ಅಧ್ಯಕ್ಷರು. ಹೊನ್ನಾವರದ ಹುಡುಗ ಲಾಹೋರಿನ ವೇದಿಕೆಯ ಮೇಲೆ.

ಅದಾಗಿ ಮೂರು ವಾರ ಕಳೆಯುವುದರೊಳಗೆ, 1901ರ ಜನವರಿ 16ರಂದು, ಮಹಾದೇವ ಗೋವಿಂದ ರಾನಡೆ ತೀರಿಕೊಂಡರು. ರಾನಡೆಯವರು ಹುಟ್ಟಿದ್ದು ನಾಸಿಕ ಜಿಲ್ಲೆಯ ನಿಫಾಡದಲ್ಲಿ. ನಮ್ಮ ಓಝರ್ ಇರುವುದೂ ನಿಫಾಡ ತಾಲೂಕಿನಲ್ಲೇ. ರಾನಡೆ 1870ರ ದಶಕದ ಕೊನೆಗೆ ನಾಸಿಕದಲ್ಲೇ ಸಬ್ ಜಡ್ಜ್ ಆಗಿದ್ದರು. ಅವರ ಹೆಂಡತಿ ರಮಾಬಾಯಿ ಮೊದಲ ಸಲ ನಾಲ್ಕು ಜನರೆದುರು ಎದ್ದು ನಿಂತು ಮಾತಾಡಿದ್ದು ಈ ಊರಿನಲ್ಲೇ. ಮುಂದೆ ಅವರು ಮರಾಠಿಯಲ್ಲಿ ತಮ್ಮ ನೆನಪುಗಳನ್ನು ಬರೆದರು. ಓದದವರು ಓದಬೇಕು. ಹೈಕೋರ್ಟಿನಲ್ಲಿ ರಾನಡೆಯವರು ಬಿಟ್ಟುಹೋದ ಜಾಗಕ್ಕೆ ಬಂದವರು ಚಂದಾವರ್ಕರ್. ಕುರ್ಚಿಯೊಂದೇ ಅಲ್ಲ, ಪ್ರಾರ್ಥನಾ ಸಮಾಜದ ಮುಂದಾಳುತನ, ಸಾಮಾಜಿಕ ಪರಿಷತ್ತಿನ ಹೊಣೆ ಎಲ್ಲವೂ ಇವರ ಹೆಗಲಿಗೆ ಬಂತು. ರಾಜಕೀಯವನ್ನು ಮಾತ್ರ ಹೊರಗೆ ಕಳಚಿಟ್ಟು ಹೋಗಬೇಕಾಯಿತು. ನಿನ್ನೆ ಕಾಂಗ್ರೆಸ್ ಅಧ್ಯಕ್ಷ, ಇವತ್ತು ದೊರೆಯ ನ್ಯಾಯಾಧೀಶ. ಈಗ ನಮಗೆ ವಿಚಿತ್ರ ಕಾಣುತ್ತದೆ. ಆಗ ಯಾರೂ ಹುಬ್ಬೇರಿಸಲಿಲ್ಲ, ಯಾಕೆಂದರೆ ಆಗಿನ ಕಾಂಗ್ರೆಸ್ಸಿಗೂ ಹೈಕೋರ್ಟಿಗೂ ಕೋಟು ಒಂದೇ ಥರದ್ದು. ಇಬ್ಬರೂ ನಂಬಿದ್ದು ಅರ್ಜಿಯನ್ನು, ಕಾಯಿದೆಯನ್ನು, ಇಂಗ್ಲಿಷರ ಮಾತಿಗೆ ಇಂಗ್ಲಿಷರೇ ಕಟ್ಟುಬೀಳುತ್ತಾರೆ ಅನ್ನುವುದನ್ನು.

ಆ ನಂಬಿಕೆ ನಾಸಿಕದಲ್ಲಿ ಬಿರುಕು ಬಿಟ್ಟಿತ್ತು. ನಾಸಿಕದ ಹತ್ತಿರದ ಭಗೂರಿನ ಸಾವರ್ಕರ್ ಅಣ್ಣತಮ್ಮಂದಿರು ಕಟ್ಟಿದ 'ಮಿತ್ರಮೇಳ' ಮುಂದೆ 'ಅಭಿನವ ಭಾರತ' ಆಯಿತು. ತಮ್ಮ ವಿನಾಯಕ 1906ರಲ್ಲಿ ಲಂಡನ್ನಿಗೆ ಹೋದ. ಅಣ್ಣ ಗಣೇಶ, ಜನರ ಬಾಯಲ್ಲಿ ಬಾಬಾರಾವ್, ಇಲ್ಲೇ ಉಳಿದು ಒಂದು ಚಿಕ್ಕ ಮರಾಠಿ ಪದ್ಯಪುಸ್ತಕ ಅಚ್ಚು ಹಾಕಿಸಿದರು. ಪದ್ಯದಲ್ಲಿ ದೇವರುಗಳು, ಶಿವಾಜಿ, ಪುರಾಣ. ಕಲೆಕ್ಟರ್ ಜಾಕ್ಸನ್ ಮೊಕದ್ದಮೆ ನಡೆಸಲು ಮುಂದಾದ. 1909ರ ಜೂನಿನಲ್ಲಿ ನಾಸಿಕದ ಸೆಷನ್ಸ್ ನ್ಯಾಯಾಲಯ ಬಾಬಾರಾವ್‌ಗೆ ಜೀವಾವಧಿ ಕರಿನೀರಿನ ಶಿಕ್ಷೆ ವಿಧಿಸಿತು. ಪದ್ಯ ಅಚ್ಚು ಹಾಕಿಸಿದ್ದಕ್ಕೆ!

ಅಪೀಲು ಮುಂಬಯಿಗೆ ಹೋಯಿತು. ಕೇಳಿದ ಪೀಠದಲ್ಲಿ ಇಬ್ಬರು, ಚಂದಾವರ್ಕರ್ ಮತ್ತು ಹೀಟನ್.

ಇಲ್ಲಿ ಕಾನೂನಿನ ಗಂಟು ಸ್ವಲ್ಪ ಬಿಚ್ಚಿ ನೋಡಬೇಕು, ಯಾಕೆಂದರೆ ಬಾಬಾರಾವ್ ಬದುಕು ನಿಂತದ್ದು ಆ ಗಂಟಿನ ಮೇಲೆ. ದಂಡಸಂಹಿತೆಯಲ್ಲಿ ಎರಡು ಕಲಮುಗಳು. 124-ಎ ರಾಜದ್ರೋಹದ್ದು. ಅದರಲ್ಲಿ ಬರೀ ಜುಲ್ಮಾನೆಯಿಂದ ಹಿಡಿದು ಜೀವಾವಧಿ ಗಡೀಪಾರಿನ ತನಕ ಎಷ್ಟು ಬೇಕಾದರೂ ಶಿಕ್ಷೆ ಕೊಡಬಹುದು. ಟಿಳಕರಿಗೆ 1908ರಲ್ಲಿ ಆರು ವರ್ಷ ಸಿಕ್ಕಿದ್ದು ಇದೇ ಕಲಮಿನಡಿ. ಇನ್ನೊಂದು 121, ದೊರೆಯ ವಿರುದ್ಧ ಯುದ್ಧ ಹೂಡುವುದು ಅಥವಾ ಹೂಡಲು ಕುಮ್ಮಕ್ಕು ಕೊಡುವುದು. ಇದರಲ್ಲಿ ಎರಡೇ ದಾರಿ. ಗಲ್ಲು, ಇಲ್ಲವೆ ಜೀವಾವಧಿ ಗಡೀಪಾರು. ಜತೆಗೆ ಆಸ್ತಿ ಪೂರ್ತಿ ಜಪ್ತಿ. 121 ಅನ್ವಯಿಸುತ್ತದೆ ಅಂತ ಒಮ್ಮೆ ಒಪ್ಪಿದರೆ ಜಡ್ಜಿನ ಕೈಯಲ್ಲಿ ಕಡಿಮೆ ಮಾಡಲು ಏನೂ ಉಳಿಯುವುದಿಲ್ಲ. ಆದ್ದರಿಂದ ಅಪೀಲಿನಲ್ಲಿದ್ದ ಪ್ರಶ್ನೆ ಒಂದೇ. ಈ ಪದ್ಯಗಳು ಜನರ ಮನಸ್ಸು ಕೆರಳಿಸಿದವೋ, ಅಥವಾ ಕೈಗೆ ಕತ್ತಿ ಕೊಟ್ಟವೋ? ಭಾವನೆ ಕೆರಳಿಸಿದರೆ ರಾಜದ್ರೋಹ ಮಾತ್ರ, ಸ್ಪಷ್ಟವಾಗಿ ಕ್ರಿಯೆಗೆ ಹುರಿದುಂಬಿಸಿದರೆ ಯುದ್ಧಕ್ಕೆ ಕುಮ್ಮಕ್ಕು ಅಂತ ಹೀಟನ್ ಗೆರೆ ಎಳೆದರು. ಮುಂದೆ ಎಷ್ಟೋ ಕಾನೂನು ಪುಸ್ತಕಗಳಲ್ಲಿ ಈ ಗೆರೆಯ ಪ್ರಸ್ತಾಪ ಬರುತ್ತದೆ. ಗೆರೆ ಸರಿಯಾದದ್ದೇ. ಆದರೆ ಇಬ್ಬರೂ ಪದ್ಯಗಳನ್ನು ಗೆರೆಯ ಆಚೆಗೆ ಹಾಕಿದರು. 1909ರ ನವೆಂಬರಿನಲ್ಲಿ ಶಿಕ್ಷೆ ಖಾಯಂ ಆಯಿತು.

ಆ ಪೀಠದಲ್ಲಿ ಪದ್ಯಗಳ ಒಳಗುಟ್ಟು ಹಿಡಿಯಬಲ್ಲವರು ಚಂದಾವರ್ಕರ್. ಹೀಟನ್ ಎಷ್ಟಾದರೂ ತರ್ಜುಮೆಯನ್ನು ನೆಚ್ಚಬೇಕು. ತರ್ಜುಮೆಯಲ್ಲಿ ದೇವರು ದೇವರಾಗಿಯೇ ಉಳಿಯುತ್ತಾನೆ, ರಾಕ್ಷಸ ರಾಕ್ಷಸನಾಗಿಯೇ. ಪುರಾಣ ಕೇಳಿ ಬೆಳೆದವನಿಗೆ ಮಾತ್ರ ರಾಕ್ಷಸ ಯಾರು ಅಂತ ತಟ್ಟನೆ ಗೊತ್ತಾಗುತ್ತದೆ. ದೇವರುಗಳ ಮತ್ತು ಶಿವಾಜಿಯ ಹೆಸರು ಇಲ್ಲಿ ಬರೀ ನೆಪ, ಒಳಗಿರುವುದು ಸರಕಾರದ ಮೇಲೆ ಯುದ್ಧದ ಕರೆ ಅನ್ನುವುದು ತೀರ್ಪಿನ ತಿರುಳು. ಹರಿಕತೆ, ಯಕ್ಷಗಾನದ ಸೀಮೆಯಿಂದ ಬಂದ ಮನುಷ್ಯ ತನ್ನ ಜನರ ಗೂಢಭಾಷೆಯನ್ನು ದೊರೆಗೆ ಬಿಡಿಸಿ ಹೇಳಿದ ಹಾಗಾಯಿತು. ಅವರು ತಪ್ಪಾಗಿ ಓದಿದರು ಅಂತ ನಾನು ಹೇಳಲಾರೆ. ಸರಿಯಾಗಿಯೇ ಓದಿದರು. ನನ್ನನ್ನು ಕಾಡುವುದು ಅದೇ. ಪದ್ಯದ ಅರ್ಥ ಸರಿಯಾಗಿ ಹಿಡಿದ ಮೇಲೂ, 124-ಎ ಸಾಕು, 121 ಬೇಡ ಅನ್ನಲು ಜಾಗ ಇತ್ತು. ಪುಸ್ತಕ ಓದಿ ಯಾರೂ ಯುದ್ಧ ಹೂಡಿರಲಿಲ್ಲ. ಕುಮ್ಮಕ್ಕಿಗೆ ಯುದ್ಧ ನಡೆದೇ ತೀರಬೇಕೆಂದಿಲ್ಲ ಅನ್ನುವುದು ಕಾನೂನಿನ ಒಂದು ಓದು. ಅದನ್ನು ಆರಿಸಿಕೊಂಡರು.

ಮುಂದಿನ ತಿಂಗಳೇ ವಿಜಯಾನಂದ ಥಿಯೇಟರ್. ಜಾಕ್ಸನ್‌ಗೆ ಬಡ್ತಿ ಸಿಕ್ಕಿ ವರ್ಗವಾಗಿತ್ತು. ಬೀಳ್ಕೊಡುಗೆಗೆ ಕಿರ್ಲೋಸ್ಕರ ನಾಟಕ ಮಂಡಳಿಯ 'ಶಾರದಾ' ನಾಟಕ. ಮುದುಕನಿಗೆ ಎಳೆ ಹುಡುಗಿಯನ್ನು ಕಟ್ಟುವ ಪದ್ಧತಿಯ ವಿರುದ್ಧ ದೇವಲರು ಬರೆದ ನಾಟಕ ಅದು. (ಮಂಡಳಿ ಕಟ್ಟಿದ ಅಣ್ಣಾಸಾಹೇಬ ಕಿರ್ಲೋಸ್ಕರರು ಹುಟ್ಟಿದ್ದು ನಮ್ಮ ಬೆಳಗಾವಿ ಕಡೆಯ ಗುರ್ಲಹೊಸೂರಿನಲ್ಲಿ. ಮರಾಠಿ ನಾಟಕದ ಬುಡ ಕೆದಕಿದರೆ ಕನ್ನಡ ಮಣ್ಣು ಸಿಗುತ್ತದೆ, ಇರಲಿ.) ಜಾಕ್ಸನ್ ಕೆಟ್ಟ ಮನುಷ್ಯ ಅಂತ ಹೇಳುವುದು ಕಷ್ಟ. ಸಂಸ್ಕೃತ ಬಲ್ಲವನು, ಪಂಡಿತ ಜಾಕ್ಸನ್ ಅಂತಲೇ ಹೆಸರು. ಅವನು ಕೂಡಿಹಾಕಿದ್ದ ಜಾನಪದ ಟಿಪ್ಪಣಿಗಳನ್ನು ಅವನು ಸತ್ತ ಮೇಲೆ ಎಂಥೋವನ್ ಪುಸ್ತಕ ಮಾಡಿದ. ಆದರೆ ಬಾಬಾರಾವ್‌ರನ್ನು ಕಟಕಟೆಗೆ ಕಳಿಸಿದ್ದು ಅವನೇ. ಔರಂಗಾಬಾದಿನಿಂದ ಬಂದ ಕಾನ್ಹೇರೆಯ ಕೈಯಲ್ಲಿದ್ದ ಬ್ರೌನಿಂಗ್ ಪಿಸ್ತೂಲು ಲಂಡನ್ನಿನಿಂದ ವಿನಾಯಕ ಸಾವರ್ಕರ್ ಕಳಿಸಿದ ಇಪ್ಪತ್ತರಲ್ಲಿ ಒಂದು.

ಔರಂಗಾಬಾದು ಆಗ ಬ್ರಿಟಿಷರ ನೇರ ಆಳಿಕೆಯಲ್ಲಿ ಇರಲಿಲ್ಲ. ನಿಜಾಮನ ರಾಜ್ಯ, ನಮ್ಮ ಬೀದರ, ಕಲಬುರಗಿ, ರಾಯಚೂರುಗಳ ಹಾಗೆ. ನಾಸಿಕದಿಂದ ಯೇವಲೆ, ವೈಜಾಪುರ ದಾಟಿ ಹೋದರೆ ಒಂದು ದಿನದ ಪಯಣ, ಆದರೆ ಕಾಯಿದೆ ಬೇರೆ, ಪೋಲೀಸು ಬೇರೆ. ಗುಪ್ತ ಸಂಘಗಳಿಗೆ ಇಂಥ ಗಡಿ ಅನುಕೂಲ. ಈ ಸಂಭಾಜಿನಗರ ಜಿಲ್ಲೆಯಲ್ಲಿ 'ಕನ್ನಡ' ಅಂತಲೇ ಒಂದು ತಾಲೂಕಿದೆ. ಮೊದಲ ಸಲ ಎಸ್.ಟಿ. ಬಸ್ಸಿನ ಫಲಕದ ಮೇಲೆ ಆ ಹೆಸರು ನೋಡಿದಾಗ ನಾನು ಬೆಪ್ಪಾಗಿ ನಿಂತಿದ್ದೆ. ಪಕ್ಕದಲ್ಲೇ ವೇರುಳದ ಕೈಲಾಸ ದೇವಾಲಯ, ರಾಷ್ಟ್ರಕೂಟರ ಕೃಷ್ಣ ಕಡೆಸಿದ್ದು. ಊರು ಬಿಟ್ಟು ಆರುನೂರು ಮೈಲಿ ಬಂದೆ ಅಂದುಕೊಂಡರೆ ಊರು ಮೊದಲೇ ಇಲ್ಲಿಗೆ ಬಂದು ಕೂತಿರುತ್ತದೆ.

ಕಾನ್ಹೇರೆ, ಕೃಷ್ಣಾಜಿ ಕರ್ವೆ, ವಿನಾಯಕ ದೇಶಪಾಂಡೆ ಮೂವರನ್ನೂ 1910ರ ಏಪ್ರಿಲ್ 19ರಂದು ಠಾಣೆ ಜೈಲಿನಲ್ಲಿ ಗಲ್ಲಿಗೇರಿಸಿದರು. ಆಮೇಲೆ ದೊಡ್ಡ ಖಟ್ಲೆ ಶುರುವಾಯಿತು, ನಾಸಿಕ ಒಳಸಂಚಿನ ಮೊಕದ್ದಮೆ. ಲಂಡನ್ನಿನಲ್ಲಿ ಹಿಡಿದ ವಿನಾಯಕ ಸಾವರ್ಕರ್‌ರನ್ನು ಹಡಗಿನಲ್ಲಿ ತರುವಾಗ ಜುಲೈ 8ರಂದು ಮಾರ್ಸೇಲ್ಸ್ ಬಂದರಿನಲ್ಲಿ ಅವರು ನೀರಿಗೆ ಹಾರಿದ ಕತೆ ಎಲ್ಲರಿಗೂ ಗೊತ್ತು. ಮೂವತ್ತೆಂಟು ಆರೋಪಿಗಳು. 1908ರ ಹೊಸ ಕಾಯಿದೆಯ ಪ್ರಕಾರ ಜ್ಯೂರಿ ಇಲ್ಲ, ಹೈಕೋರ್ಟಿನ ಮೂವರು ನ್ಯಾಯಾಧೀಶರ ವಿಶೇಷ ಪೀಠ. ಮುಖ್ಯ ನ್ಯಾಯಾಧೀಶ ಬೇಸಿಲ್ ಸ್ಕಾಟ್, ಚಂದಾವರ್ಕರ್, ಹೀಟನ್. ಅಪೀಲು ಕೇಳಿ ರೂಢಿಯಾದವರು ಈಗ ಸಾಕ್ಷಿಗಳನ್ನೇ ಎದುರಿಗೆ ಕೂರಿಸಿಕೊಂಡರು. 1910ರ ಡಿಸೆಂಬರ್ ಕೊನೆಗೆ ತೀರ್ಪು. ಇಪ್ಪತ್ತೇಳು ಜನರಿಗೆ ಶಿಕ್ಷೆ. ವಿನಾಯಕ ಸಾವರ್ಕರ್‌ಗೆ ಜೀವಾವಧಿ ಗಡೀಪಾರು, ಆಸ್ತಿ ಜಪ್ತಿ. ಮುಂದಿನ ಜನವರಿಯಲ್ಲಿ ಜಾಕ್ಸನ್ ಕೊಲೆಗೆ ಕುಮ್ಮಕ್ಕು ಕೊಟ್ಟದ್ದಕ್ಕಾಗಿ ಇನ್ನೊಂದು ಜೀವಾವಧಿ. ಎರಡೂ ಸೇರಿ ಐವತ್ತು ವರ್ಷ.

ಚಂದಾವರ್ಕರ್‌ಗೆ 'ಸರ್' ಪದವಿ ಬಂದದ್ದೂ ಈ 1910ರಲ್ಲೇ. ನಾಸಿಕದವರು ಎರಡನ್ನೂ ಕೂಡಿಸಿ ಲೆಕ್ಕ ಮಾಡಿದರೆ ಅವರನ್ನು ದೂರುವಂತಿಲ್ಲ. ಆದರೆ ಹೈಕೋರ್ಟಿನ ಭಾರತೀಯ ನ್ಯಾಯಾಧೀಶರಿಗೆ ಆ ಪದವಿ ಸಿಗುವುದು ಆಗ ಅಪರೂಪವೇನಲ್ಲ. ಇವರು ಆ ಹೊತ್ತಿಗೆ ಮುಂಬಯಿ ವಿಶ್ವವಿದ್ಯಾಲಯದ ಕುಲಪತಿಯೂ ಆಗಿದ್ದರು. ಲಂಚಕ್ಕೆ ತೀರ್ಪು ಕೊಟ್ಟ ಮನುಷ್ಯ ಅಲ್ಲ ಅದು. ನಂಬಿಕೆಯಿಂದ ಕೊಟ್ಟದ್ದು. ಲಂಚಕ್ಕೆ ಕೊಟ್ಟಿದ್ದರೆ ನಮಗೆ ಕೆಲಸ ಸುಲಭವಾಗುತ್ತಿತ್ತು.

ಅವರೊಬ್ಬರೇ ಅಲ್ಲ. 1897ರಲ್ಲಿ ಟಿಳಕರ ಮೊದಲ ರಾಜದ್ರೋಹದ ಕೇಸಿನಲ್ಲಿ ಅವರ ಜಾಮೀನಿಗಾಗಿ ವಾದಿಸಿದ ದಿನಶಾ ದಾವರ್ 1908ರಲ್ಲಿ ಜಡ್ಜ್ ಆಗಿ ಅದೇ ಟಿಳಕರನ್ನು ಮಂಡಾಲೆಗೆ ಕಳಿಸಿದರು. ಮೊದಲ ತಲೆಮಾರಿನ ಭಾರತೀಯ ನ್ಯಾಯಾಧೀಶರ ಪಾಡು ಇದು. ತಮ್ಮವರಿಗೆ ಕುರ್ಚಿ ಬೇಕು ಅಂತ ಅವರೇ ಹೋರಾಡಿದ್ದರು. ಕುರ್ಚಿ ಸಿಕ್ಕಿತು. ಎದುರಿಗೆ ಕಟಕಟೆಯಲ್ಲಿ ನಿಂತವರೂ ತಮ್ಮವರೇ.

ಇದೇ ಮನುಷ್ಯನ ಇನ್ನೊಂದು ಮುಖ ನೋಡಿ. 1906ರಲ್ಲಿ ಮುಂಬಯಿಯಲ್ಲಿ ಅಸ್ಪೃಶ್ಯರ ಶಿಕ್ಷಣಕ್ಕಾಗಿ 'ಡಿಪ್ರೆಸ್ಡ್ ಕ್ಲಾಸಸ್ ಮಿಷನ್' ಹುಟ್ಟಿತು. ಹುಟ್ಟಿಸಿದವರು ಜಮಖಂಡಿಯಲ್ಲಿ ಜನಿಸಿದ ವಿಠ್ಠಲ ರಾಮಜಿ ಶಿಂದೆ, ಅಧ್ಯಕ್ಷರು ಹೊನ್ನಾವರದ ಚಂದಾವರ್ಕರ್. ಇಬ್ಬರೂ ಈಗಿನ ಕರ್ನಾಟಕದ ಮಣ್ಣಿನವರು, ಭೇಟಿಯಾದದ್ದು ಮುಂಬಯಿಯ ಪ್ರಾರ್ಥನಾ ಸಮಾಜದಲ್ಲಿ. ಹೈಕೋರ್ಟಿನ ಜಡ್ಜ್ ಒಬ್ಬರು ಆ ಕಾಲಕ್ಕೆ ಈ ಕೆಲಸಕ್ಕೆ ಹೆಸರು ಕೊಟ್ಟದ್ದು ಸಣ್ಣದಲ್ಲ. 1917ರ ನವೆಂಬರ್ 11ರಂದು ಮುಂಬಯಿಯಲ್ಲಿ ದಲಿತ ವರ್ಗಗಳ ದೊಡ್ಡ ಸಭೆ ಅವರ ಅಧ್ಯಕ್ಷತೆಯಲ್ಲೇ ನಡೆಯಿತು. ಅಂಬೇಡ್ಕರ್ ತಮ್ಮ ಪುಸ್ತಕದಲ್ಲಿ ಆ ಸಭೆಯ ಪ್ರಸ್ತಾಪ ಮಾಡಿದ್ದಾರೆ. ನಾಸಿಕದ ಕಾಳಾರಾಮ ಮಂದಿರದ ಬಾಗಿಲಲ್ಲಿ ಸತ್ಯಾಗ್ರಹ ನಡೆದದ್ದು 1930ರಲ್ಲಿ. ಅದಕ್ಕೆ ಹದಿಮೂರು ವರ್ಷ ಮೊದಲಿನ ಮಾತಿದು. ಚಂದಾವರ್ಕರರ ಭಾಷಣ, ಬರಹಗಳನ್ನು ಎಲ್.ವಿ. ಕಾಯ್ಕಿಣಿಯವರು 1911ರಲ್ಲಿ ಇಂಗ್ಲಿಷಿನಲ್ಲಿ ಒಟ್ಟು ಮಾಡಿದ್ದಾರೆ. ಓದಿದರೆ ವಿಧವೆಯರು, ಬಾಲ್ಯವಿವಾಹ, ಜಾತಿ ಇವುಗಳ ಬಗ್ಗೆ ಅವರ ಸಿಟ್ಟು ನಿಜವಾದದ್ದು ಅಂತ ಗೊತ್ತಾಗುತ್ತದೆ. ಮನೆಯೊಳಗಿನ ಅನ್ಯಾಯ ಮೊದಲು, ಹೊರಗಿನ ದೊರೆ ಆಮೇಲೆ. ಇದು ಅವರ ಲೆಕ್ಕ. ರಾನಡೆಯವರ ಲೆಕ್ಕವೂ ಅದೇ.

ಗುರುಜಿಗೆ ನಾನು ಇದನ್ನೆಲ್ಲ ಹೇಳಿದೆ. ಅವರು ತಾಳ್ಮೆಯಿಂದ ಕೇಳಿ, "ಸಾಹೇಬ, ದೊಡ್ಡ ಮನುಷ್ಯ ಇರಬಹುದು. ಆದರೆ ಬಾಬಾರಾವ್ ಹೆಂಡತಿ ಯೇಸೂವಹಿನಿ ಗಂಡನ ಮುಖ ಮತ್ತೆ ನೋಡದೇ ಸತ್ತಳು" ಅಂದರು. ಅದಕ್ಕೆ ನನ್ನ ಹತ್ತಿರ ಉತ್ತರ ಇರಲಿಲ್ಲ. ಪರ ಊರಿನಲ್ಲಿ ಹೀಗಾಗುತ್ತದೆ. ನೂರು ವರ್ಷದ ಹಿಂದೆ ನಮ್ಮ ಕಡೆಯವನೊಬ್ಬ ಮಾಡಿದ್ದಕ್ಕೆ ಇವತ್ತು ನಾವು ವಕಾಲತ್ತು ವಹಿಸಬೇಕಾಗುತ್ತದೆ. ಊರಿನಲ್ಲೇ ಇದ್ದಿದ್ದರೆ ಚಂದಾವರ್ಕರ್ ನನ್ನ ಕಡೆಯವರು ಅಂತಲೇ ಅನ್ನಿಸುತ್ತಿರಲಿಲ್ಲವೇನೋ. ಅವರು ಕರಾವಳಿ, ನಾನು ಬಯಲುಸೀಮೆ. ಇಲ್ಲಿ ನಾವಿಬ್ಬರೂ 'ಕಾನಡಿ'.

ಹೈಕೋರ್ಟು ಬಿಟ್ಟ ಮೇಲೆ 1913ರಲ್ಲಿ ಅವರು ಇಂದೂರಿನ ಹೋಳ್ಕರ್ ಸಂಸ್ಥಾನದ ದಿವಾನರಾದರು. ಅದು ಹೆಚ್ಚು ದಿನ ನಡೆಯಲಿಲ್ಲ. 1918ರಲ್ಲಿ ಸರಕಾರ ಅವರನ್ನು ಮತ್ತೆ ಕರೆಯಿತು. ಯುದ್ಧಕಾಲದ ಕಾಯಿದೆಯಡಿ ಬಂಗಾಳದಲ್ಲಿ ವಿಚಾರಣೆಯಿಲ್ಲದೆ ಬಂಧನದಲ್ಲಿಟ್ಟಿದ್ದ ಜನರ ಕಾಗದಪತ್ರ ಪರಿಶೀಲಿಸಲು ಇಬ್ಬರು ನ್ಯಾಯಾಧೀಶರ ಸಮಿತಿ. ಒಬ್ಬರು ಬೀಚ್‌ಕ್ರಾಫ್ಟ್, ಅಲಿಪುರ ಬಾಂಬ್ ಮೊಕದ್ದಮೆಯಲ್ಲಿ ಅರವಿಂದ ಘೋಷರನ್ನು ಬಿಡುಗಡೆ ಮಾಡಿದ್ದ ಜಡ್ಜ್. ಇನ್ನೊಬ್ಬರು ಚಂದಾವರ್ಕರ್. 806 ಜನರ ಕಡತ ನೋಡಿದರು. ಆರು ಜನರ ಮೇಲೆ ಸಾಕಷ್ಟು ಆಧಾರ ಇಲ್ಲ ಅಂದರು. ಉಳಿದ 800 ಜನರ ಬಂಧನ ಸರಿ ಅಂದರು. ವಕೀಲರಿಲ್ಲ, ಪಾಟೀಸವಾಲಿಲ್ಲ, ಪೋಲೀಸರ ಕಾಗದವೇ ಸಾಕ್ಷಿ. ಬಾಬಾರಾವ್ ಅಪೀಲಿನಲ್ಲಿ ಅವರ ಪರ ಏನಾದರೂ ಹೇಳಬಹುದು. ಕಾನೂನಿನ ಒಂದು ಓದು ಇತ್ತು, ಎದುರಿಗೆ ವಕೀಲರಿದ್ದರು, ತೀರ್ಪು ಅಚ್ಚಾಗಿ ಇವತ್ತೂ ಓದಲು ಸಿಗುತ್ತದೆ. ಈ 800ಕ್ಕೆ ನಾನು ಏನೂ ಹೇಳಲಾರೆ. ಹನ್ನೆರಡು ವರ್ಷ ಅಪೀಲು ಕೇಳಿದ ಮನುಷ್ಯನಿಗೆ, ಎರಡನೆಯ ಕಡೆಯ ಮಾತು ಕೇಳದೆ ನ್ಯಾಯ ಆಗುವುದಿಲ್ಲ ಅನ್ನುವುದು ಎಲ್ಲರಿಗಿಂತ ಚೆನ್ನಾಗಿ ಗೊತ್ತಿರಬೇಕಿತ್ತು.

ಎರಡು ವರ್ಷದ ಮೇಲೆ ಅದೇ ಚಂದಾವರ್ಕರ್, ಜಲಿಯನ್‌ವಾಲಾ ಬಾಗ್ ಬಗ್ಗೆ ಹಂಟರ್ ಸಮಿತಿ ಕೊಟ್ಟ ವರದಿಯನ್ನು ಖಂಡಿಸಿ ಮುಂಬಯಿಯಲ್ಲಿ ನಡೆದ ಸಭೆಯ ಅಧ್ಯಕ್ಷತೆ ವಹಿಸಿದರು. ಹಾಗಂತ ಗಾಂಧಿಯ ಅಸಹಕಾರವನ್ನು ಒಪ್ಪಲಿಲ್ಲ. 1921ರಲ್ಲಿ ಮುಂಬಯಿ ವಿಧಾನ ಪರಿಷತ್ತಿನ ಅಧ್ಯಕ್ಷರಾದರು. ಸರಕಾರಿ ಅಧಿಕಾರಿಯಲ್ಲದವರು ಆ ಪೀಠದಲ್ಲಿ ಕೂತದ್ದು ಅದೇ ಮೊದಲು. 1923ರ ಮೇ 14ರಂದು ತೀರಿಕೊಳ್ಳುವಾಗಲೂ ಅದೇ ಹುದ್ದೆಯಲ್ಲಿದ್ದರು. ಬಾಬಾರಾವ್ ಅದಕ್ಕೆ ಒಂದು ವರ್ಷ ಮೊದಲು ಬಿಡುಗಡೆಯಾಗಿದ್ದರು. ವಿನಾಯಕ ಸಾವರ್ಕರ್ ಅಂಡಮಾನಿನಿಂದ ಬಂದಿದ್ದರೂ ಇನ್ನೂ ಜೈಲಿನಲ್ಲಿದ್ದರು. ಅವರನ್ನು ಬಿಟ್ಟದ್ದು 1924ರ ಜನವರಿಯಲ್ಲಿ, ರತ್ನಾಗಿರಿ ಜಿಲ್ಲೆ ದಾಟಬಾರದು ಅನ್ನುವ ಕಟ್ಟಿನ ಮೇಲೆ.

ಚಂದಾವರ್ಕರ್ ಕೂತಿದ್ದ ಹೈಕೋರ್ಟಿನ ಹೆಸರು ಇವತ್ತಿಗೂ ಬಾಂಬೆ ಹೈಕೋರ್ಟು. ಶಹರದ ಹೆಸರು ಬದಲಾಗಿ ಎಷ್ಟು ಕಾಲವಾಯಿತು! ಕಾನ್ಹೇರೆ ಓದಿದ ಊರಿಗೂ 2023ರಲ್ಲಿ ಹೊಸ ಹೆಸರು ಬಂತು. ಆ ಊರಿಗೆ 1981ರ ಆಗಸ್ಟ್ 27ರಂದು ಅದೇ ಹೈಕೋರ್ಟಿನ ಪೀಠ ಬಂತು, 1984ರಲ್ಲಿ ಅದು ಖಾಯಂ ಆಯಿತು. ಮರಾಠವಾಡದ ಜನ ಅದಕ್ಕಾಗಿ ವರ್ಷಗಟ್ಟಲೆ ಬಡಿದಾಡಿದ್ದರು. ನಿಜಾಮನ ರಾಜ್ಯದಿಂದ ಒಡೆದು ಬಂದ ಅದರ ಸೋದರಿ ಕಲಬುರಗಿಗೆ ಹೈಕೋರ್ಟಿನ ಸಂಚಾರಿ ಪೀಠ ಬಂದದ್ದು 2008ರಲ್ಲಿ, ಧಾರವಾಡದ ಜತೆಗೆ. ಖಾಯಂ ಆದದ್ದು 2013ರಲ್ಲಿ. ಇಪ್ಪತ್ತೇಳು ವರ್ಷ ತಡ. ಸಂಭಾಜಿನಗರದಲ್ಲಿ ವಕೀಲಿ ಮಾಡುವ ನಮ್ಮ ಬೀದರಿನ ಮಿತ್ರರೊಬ್ಬರು ಇದನ್ನು ಹೇಳಿ ನನ್ನನ್ನು ಈಗಲೂ ಛೇಡಿಸುತ್ತಾರೆ. ಜಳಗಾಂವ, ಧುಳೆಯ ಅಪೀಲುಗಳೂ ಈಗ ಅಲ್ಲಿಗೇ ಹೋಗುತ್ತವೆ. ನಾಸಿಕದ್ದು ಮಾತ್ರ ಹಾಗಲ್ಲ. ಇಲ್ಲಿಯ ಕಕ್ಷಿದಾರರು ಬಾಬಾರಾವ್ ಕಾಗದ ಹೋದ ಹಾದಿಯಲ್ಲೇ, ಬೆಳಿಗ್ಗೆ ಪಂಚವಟಿ ಎಕ್ಸ್‌ಪ್ರೆಸ್ ಹಿಡಿದು ಮುಂಬಯಿಗೆ ಹೋಗುತ್ತಾರೆ.